ಟ್ಯಾಲಿರಾಂಡ್ ದ್ರೋಹಿಯೋ, ಚಾಣಾಕ್ಷನೋ?

ಪ್ರಶ್ನೆ: ನೆಪೋಲಿಯನ್‌ನ ವಿದೇಶಾಂಗ ಮಂತ್ರಿಯಾಗಿದ್ದ ಟ್ಯಾಲಿರಾಂಡ್ ತನ್ನ ಒಡೆಯರಿಗೆಲ್ಲ ಕೈಕೊಟ್ಟವನಂತೆ. ಹಾಗಿದ್ದೂ ಅವನನ್ನು ದೊಡ್ಡ ರಾಜತಂತ್ರಜ್ಞ ಅನ್ನುವುದೇಕೆ?

ಉತ್ತರ: ಕೈಕೊಟ್ಟದ್ದು ನಿಜ, ಅದೂ ಮೊದಲು ದೇವರ ಮನೆಗೇ. 1789ರಲ್ಲಿ, ಫ್ರೆಂಚ್ ಕ್ರಾಂತಿಯ ಹೊತ್ತಿಗೆ, ತಾನೇ ಬಿಷಪ್ ಆಗಿದ್ದುಕೊಂಡು, ಚರ್ಚಿನ ಆಸ್ತಿಯೆಲ್ಲ ರಾಷ್ಟ್ರಕ್ಕೆ ಸೇರಲಿ ಎಂದು ರಾಷ್ಟ್ರೀಯ ಸಭೆಯಲ್ಲಿ ಮಂಡಿಸಿದ. 1792ರಲ್ಲಿ ಪ್ಯಾರಿಸ್‌ನಲ್ಲಿ ತಲೆಗಳು ಉರುಳತೊಡಗಿದಾಗ ಲಂಡನ್‌ಗೆ ಜಾರಿಕೊಂಡ. ಅಲ್ಲಿಂದ ಹೊರಹಾಕಿದ ಮೇಲೆ ಅಮೆರಿಕಕ್ಕೆ ಹೋದ. ಫ್ರಾನ್ಸಿಗೆ ಮರಳಿ 1797ರಲ್ಲಿ ವಿದೇಶಾಂಗ ಮಂತ್ರಿಯಾದವನೇ, ಸಂಧಾನಕ್ಕೆ ಬಂದ ಅಮೆರಿಕದ ದೂತರ ಬಳಿ ಮಧ್ಯವರ್ತಿಗಳನ್ನು ಬಿಟ್ಟು ಲಂಚ ಕೇಳಿಸಿದ. ಅವರು ಕೊಡಲಿಲ್ಲ. ಸುದ್ದಿ ಬಯಲಾಗಿ ಎರಡೂ ದೇಶಗಳ ಹಡಗುಗಳು ಸಮುದ್ರದಲ್ಲಿ ಕಾದಾಡುವ ಮಟ್ಟಕ್ಕೆ ಹೋಯಿತು.

ನಮ್ಮ ಕಡೆಗೂ ಅವನ ನಂಟೊಂದಿದೆ. ಈಜಿಪ್ಟ್ ಗೆದ್ದರೆ ಸೂಯೆಜ್‌ನಿಂದ ಟಿಪ್ಪುವಿನ ನೆರವಿಗೆ ಸೇನೆ ಕಳಿಸಬಹುದು ಎಂದು 1798ರಲ್ಲಿ ಸರ್ಕಾರಕ್ಕೆ ವರದಿ ಕೊಟ್ಟವನು ಅವನೇ. ಸೇನೆ ಬರಲೇ ಇಲ್ಲ. 1799ರ ಮೇ 4ರಂದು ಶ್ರೀರಂಗಪಟ್ಟಣ ಬಿತ್ತು.

ದ್ರೋಹಿ ಎಂಬ ಹೆಸರು ಗಟ್ಟಿಯಾಗಿ ಅಂಟಿದ್ದು 1808ರಲ್ಲಿ ಜರ್ಮನಿಯ ಎರ್ಫರ್ಟ್ ನಗರದಲ್ಲಿ ನಡೆದ ಭೇಟಿಯಿಂದ. ರಷ್ಯಾದ ತ್ಸಾರ್ ಅಲೆಕ್ಸಾಂಡರನನ್ನು ಒಲಿಸಿಕೊಳ್ಳಲು ನೆಪೋಲಿಯನ್ ಇವನನ್ನು ಜತೆಗೆ ಕರೆದೊಯ್ದರೆ, ಇವನು ಗುಟ್ಟಾಗಿ ತ್ಸಾರನಿಗೆ ಹೇಳಿಕೊಟ್ಟದ್ದು ನೆಪೋಲಿಯನ್‌ಗೆ ಮಣಿಯಬೇಡಿ ಎಂದು! ಮುಂದೆ ಆಸ್ಟ್ರಿಯಾಕ್ಕೂ ಗುಟ್ಟು ಮುಟ್ಟಿಸಿ ಹಣ ಪಡೆದ. ಈ ಯುದ್ಧದ ಹುಚ್ಚು ಕೊನೆಗೆ ಫ್ರಾನ್ಸನ್ನೇ ನುಂಗುತ್ತದೆ ಎಂಬುದು ಅವನ ವಾದ. ವಾದ ಸುಳ್ಳಾಗಲಿಲ್ಲ, ಒಪ್ಪೋಣ. ಆದರೆ ದೇಶ ಉಳಿಸುವವನಿಗೆ ಆಸ್ಟ್ರಿಯಾದ ದುಡ್ಡೇಕೆ? ಇದಕ್ಕೆ ಅವನ ಅಭಿಮಾನಿಗಳ ಬಳಿಯೂ ಸರಿಯಾದ ಉತ್ತರವಿಲ್ಲ.

ಇನ್ನು ದೊಡ್ಡವನೆನಿಸಿದ್ದು, ನೆಪೋಲಿಯನ್ ಸೋತ ಮೇಲೆ ಯುರೋಪಿನ ಗಡಿಗಳನ್ನು ತೀರ್ಮಾನಿಸಲು ವಿಯೆನ್ನಾದಲ್ಲಿ ಸೇರಿದ ಸಮಾವೇಶದಲ್ಲಿ. 1814ರಲ್ಲಿ ಸೋತ ಫ್ರಾನ್ಸಿನ ಪರವಾಗಿ ಹೋದಾಗ, ಗೆದ್ದ ನಾಲ್ವರು ಎಲ್ಲವನ್ನೂ ತಾವೇ ತೀರ್ಮಾನಿಸಲು ಕೂತಿದ್ದರು. ಅವನ ಕೈಯಲ್ಲಿ ಸೈನ್ಯವಿರಲಿಲ್ಲ. ಇದ್ದದ್ದು ಎರಡೇ: ಹಕ್ಕುಳ್ಳ ರಾಜರಿಗೆ ಅವರವರ ಸಿಂಹಾಸನ ಎಂಬ ತತ್ತ್ವ, ಮತ್ತು ಪೋಲೆಂಡ್, ಸ್ಯಾಕ್ಸನಿಗಳ ಹಂಚಿಕೆಯಲ್ಲಿ ಆ ನಾಲ್ವರ ನಡುವೆಯೇ ಎದ್ದಿದ್ದ ಜಗಳ. ಬಿರುಕಿನಲ್ಲಿ ಬೆರಳಿಟ್ಟು ಅಗಲಿಸಿದ. 1815ರ ಜನವರಿ 3ರಂದು ಬ್ರಿಟನ್, ಆಸ್ಟ್ರಿಯಾಗಳು ರಷ್ಯಾ, ಪ್ರಷ್ಯಾಗಳ ವಿರುದ್ಧ ಫ್ರಾನ್ಸಿನೊಡನೆ ರಹಸ್ಯ ಒಪ್ಪಂದಕ್ಕೆ ಸಹಿ ಹಾಕಿದವು. ಪ್ಯಾರಿಸ್ ಶತ್ರುಗಳ ಕೈಸೇರಿ ಆಗಿನ್ನೂ ಒಂಬತ್ತು ತಿಂಗಳು!

ಗಡೀಪಾರಾಗಿದ್ದ ಎಲ್ಬಾ ದ್ವೀಪದಿಂದ ಮರಳಿದ ನೆಪೋಲಿಯನ್ ಆ ಗಳಿಕೆಯಲ್ಲಿ ಬಹುಪಾಲನ್ನು ಕೆಡಿಸಿದ. ಟ್ಯಾಲಿರಾಂಡ್ ಮಾತ್ರ 1830ರಲ್ಲಿ ಇನ್ನೊಬ್ಬ ರಾಜನ ರಾಯಭಾರಿಯಾಗಿ ಲಂಡನ್‌ಗೆ ಹೊರಟ, 76ನೇ ವಯಸ್ಸಿನಲ್ಲಿ. ಚರ್ಚಿನ ಜತೆ ರಾಜಿಯಾಗುವುದೊಂದು ಬಾಕಿಯಿತ್ತು. ಆ ರಾಜಿ ಪತ್ರಕ್ಕೆ ಸಹಿ ಹಾಕದೆ ದಿನ ತಳ್ಳುತ್ತಲೇ ಇದ್ದು, ಕೊನೆಗೆ ಹಾಕಿದ್ದು 1838ರ ಮೇ 17ರ ಬೆಳಿಗ್ಗೆ. ಮಧ್ಯಾಹ್ನದ ಹೊತ್ತಿಗೆ ತೀರಿಕೊಂಡ.