ಹೆಪ್ಪುಗಟ್ಟಿದ ಚಂದ್ರಯಾನ

ಹಳೇ ಸಿನಿಮಾ ನೆಟ್‌ನಲ್ಲಿ ಸಿಕ್ಕಿತೆಂದರೆ ‘ಸದ್ಯ, ಉಳೀತಲ್ಲ’ ಅನ್ನುವವರೇ ಹೆಚ್ಚು. ಉಳಿಯುವುದು ಅಷ್ಟು ಸಲೀಸಲ್ಲ ಸ್ವಾಮಿ.

ಸಿನಿಮಾದ ಮೊದಲ ದಶಕಗಳ ರೀಲು ಸೆಲ್ಯುಲೋಸ್ ನೈಟ್ರೇಟಿನದು. ಸಿಡಿಮದ್ದಿನ ಗನ್‌ಕಾಟನ್‌ನ ಒಡಹುಟ್ಟು. ಆಮ್ಲಜನಕ ಒಡಲಲ್ಲೇ ಇರುವುದರಿಂದ ಹೊತ್ತಿಕೊಂಡರೆ ನೀರಲ್ಲಿ ಮುಳುಗಿಸಿದರೂ ಉರಿಯುತ್ತದೆ. ಬೆಂಕಿ ಹಾಗಿರಲಿ, ಸುಮ್ಮನೆ ಕಪಾಟಿನಲ್ಲಿಟ್ಟರೂ ಹಾಳಾಗುತ್ತಲೇ ಇರುತ್ತದೆ. ನೈಟ್ರೇಟ್ ಒಡೆದು ನೈಟ್ರೋಜನ್ ಆಕ್ಸೈಡ್ ಬಿಡುತ್ತದೆ, ಅದು ತೇವದೊಂದಿಗೆ ಸೇರಿ ನೈಟ್ರಿಕ್ ಆಮ್ಲವಾಗುತ್ತದೆ, ಆ ಆಮ್ಲ ಮಿಕ್ಕ ನೈಟ್ರೇಟನ್ನು ಇನ್ನೂ ಬೇಗ ಒಡೆಯುತ್ತದೆ. ಥೇಟ್ ಹಾಲಿಗೆ ಹೆಪ್ಪು ಹಾಕಿದ ಹಾಗೆ: ಚಮಚ ಮೊಸರು ಪಾತ್ರೆಯನ್ನೆಲ್ಲ ಮೊಸರು ಮಾಡುತ್ತದೆ. ಬುಟ್ಟಿಯ ಒಂದು ಕೊಳೆತ ಮಾವು ಪಕ್ಕದ್ದನ್ನೂ ಕೊಳೆಸುವ ಹಾಗೆ ಅಂತಲೂ ಹೇಳಬಹುದು. ಡಬ್ಬಿಯ ಮುಚ್ಚಳ ಬಿಗಿಯಾಗಿದ್ದರೆ ಅನಿಲ ಒಳಗೇ ಕೂತು ಕೆಲಸ ಮತ್ತೂ ಚುರುಕು. ಮೊದಲು ಚಿತ್ರ ಮಾಸುತ್ತದೆ, ಆಮೇಲೆ ಸುರುಳಿ ಜೋನಿಬೆಲ್ಲದಂತೆ ಅಂಟುತ್ತದೆ, ಕೊನೆಗೆ ಉಳಿಯುವುದು ಕಂದು ಪುಡಿ. ತಂಪು ಕೋಣೆ, ಒಣ ಗಾಳಿ ಇದನ್ನು ನಿಧಾನಿಸುತ್ತವೆ, ಅಷ್ಟೇ.

ಫ್ರೆಂಚ್ ನಿರ್ದೇಶಕ ಜಾರ್ಜ್ ಮೆಲಿಯೆಸ್ 1902ರಲ್ಲಿ ತೆಗೆದ ಚಂದ್ರಯಾನದ ಚಿತ್ರ ನೆನಪಿದೆಯೇ? ಚಂದ್ರನ ಕಣ್ಣಿಗೇ ನೌಕೆ ನಾಟಿಕೊಳ್ಳುವುದು. ಅವನ ಎಷ್ಟೋ ಚಿತ್ರಗಳ ಪ್ರತಿಗಳನ್ನು ಮೊದಲ ಮಹಾಯುದ್ಧದಲ್ಲಿ ಫ್ರೆಂಚ್ ಸೈನ್ಯ ಕರಗಿಸಿ ಬೂಟಿನ ಹಿಮ್ಮಡಿಗೆ ಬಳಸಿತು. 1923ರಲ್ಲಿ ಬೇಸತ್ತ ಮೆಲಿಯೆಸ್ ನೆಗೆಟಿವ್‌ಗಳನ್ನು ತಾನೇ ಸುಟ್ಟ. ಆಮೇಲೆ ಪ್ಯಾರಿಸ್ಸಿನ ಮೊಂಪರ್ನಾಸ್ ರೈಲ್ವೆ ನಿಲ್ದಾಣದಲ್ಲಿ ಆಟಿಕೆ ಮಾರುತ್ತ ಕೂತ!

1993ರಲ್ಲಿ ಆ ಚಂದ್ರಯಾನದ ಚಿತ್ರದ ಕೈಬಣ್ಣದ ಪ್ರತಿಯೊಂದು ಬಾರ್ಸಿಲೋನಾದ ಸಂಗ್ರಹಾಲಯಕ್ಕೆ ಬಂತು. ಸುರುಳಿಯೆಲ್ಲ ಅಂಟಿ ಗಟ್ಟಿ ಬಿಲ್ಲೆಯಾಗಿತ್ತು. ಅದೃಷ್ಟಕ್ಕೆ ಕೊಳೆತದ್ದು ಹೆಚ್ಚಾಗಿ ಅಂಚು. ಹಳೆ ಚಿತ್ರಗಳನ್ನು ದುರಸ್ತಿ ಮಾಡುವ ಪ್ಯಾರಿಸ್ಸಿನ ಸೆರ್ಜ್ ಬ್ರೋಂಬೆರ್ಗ್ ಮತ್ತು ಎರಿಕ್ ಲಾಂಜ್ ರಾಸಾಯನಿಕ ಆವಿಯಲ್ಲಿ ತಿಂಗಳುಗಟ್ಟಲೆ ಮೆದುವಾಗಿಸಿ, ತುಂಡು ತುಂಡಾಗಿ ಬಿಡಿಸಿ, ಫ್ರೇಮುಗಳ ಫೋಟೊ ತೆಗೆದರು. ಸುಮಾರು ಕಾಲು ಗಂಟೆಯ ಸಿನಿಮಾ, 13,375 ಫ್ರೇಮು! 2011ರಲ್ಲಿ ಕಾನ್ ಉತ್ಸವದಲ್ಲಿ ಅದು ಮತ್ತೆ ಓಡಿತು.

ಫ್ರಾನ್ಸಿನ ಸಿನಿಮಾ ಸಂಗ್ರಹಾಲಯವಾದ ಸಿನಿಮಾಟೆಕ್ ಈಗ ‘ಆನ್ರಿ’ ಎಂಬ ಜಾಲತಾಣ ತೆರೆದು ಹಳೆಯ ಚಿತ್ರಗಳನ್ನು ಪುಕ್ಕಟೆ ತೋರಿಸುತ್ತದೆ. ಹೆಸರು ಅದರ ಸ್ಥಾಪಕರಲ್ಲೊಬ್ಬರಾದ ಆನ್ರಿ ಲಾಂಗ್ಲ್ವಾ ಅವರದು. ಒಳ್ಳೆಯದೇ. ಆದರೆ ಡಿಜಿಟಲ್ ಕಡತವೂ ಅಮರವೇನಲ್ಲ. ಡಿಸ್ಕು ಕೆಡುತ್ತದೆ, ತಂತ್ರಾಂಶ ಹಳತಾಗುತ್ತದೆ, ಆಗಾಗ ಹೊಸದಕ್ಕೆ ನಕಲು ಮಾಡುತ್ತಲೇ ಇರಬೇಕು. ಅದಕ್ಕೇ ಸ್ಕ್ಯಾನ್ ಆದ ಮೇಲೂ ಮೂಲ ರೀಲನ್ನು ಸಂಗ್ರಹಾಲಯಗಳು ಸಾಮಾನ್ಯವಾಗಿ ಎಸೆಯುವುದಿಲ್ಲ.

ಇನ್ನೊಂದು ಮಾತು. ಆ ಚಂದ್ರಯಾನದಲ್ಲಿ ನಾಶವಾಗಿದ್ದ ಫ್ರೇಮುಗಳನ್ನು ಕಪ್ಪುಬಿಳುಪು ಪ್ರತಿಯಿಂದ ತಂದು ಬಣ್ಣ ಹಾಕಿದ್ದಾರೆ. ನೀವು ನೋಡುವಾಗ ಅವು ಯಾವುವೆಂದು ಪತ್ತೆ ಹಚ್ಚಿ ನೋಡೋಣ, ನನಗಂತೂ ಆಗಲಿಲ್ಲ.