ಶಿವರಂಜನಿ ಅಂದರೆ ಬರೀ ಅಳುವ ರಾಗವೇ?

“ಸರ್, ಹಳೇ ಹಿಂದಿ ಹಾಡು ಕೇಳಿದ್ರ ಕಣ್ಣಾಗ ನೀರು ಯಾಕ ಬರತಾವು? ಶಿವರಂಜನಿ ದುಃಖದ ರಾಗ ಅಂತಾರಲ್ರೀ, ಅದಕ್ಕೇನು?”

ಧಾರವಾಡದಲ್ಲಿ ಹಾರ್ಮೋನಿಯಂ ಕಲಿಸುವ ನನಗೆ ಇದು ಹಳೇ ಪ್ರಶ್ನೆ. ಕಣ್ಣೀರು ಬರುವುದು ನಿಜ. ರಾಗದಿಂದಲೇ ಬರುತ್ತದೆ ಅನ್ನೋದು ತಪ್ಪು. ಎಷ್ಟು ಸಲ ಹೇಳಿದರೂ ಈ ಮಾತು ಜನರ ತಲೆಯಿಂದ ಹೋಗುತ್ತಿಲ್ಲ.

‘ಜಾನೇ ಕಹಾಂ ಗಯೇ ವೋ ದಿನ್’ ತಗೊಳ್ಳಿ. 1970ರ ‘ಮೇರಾ ನಾಮ್ ಜೋಕರ್’ ಚಿತ್ರದ್ದು, ಮುಕೇಶ್ ಹಾಡಿದ್ದು. ಶಿವರಂಜನಿ. ಈಗ 1966ರ ‘ಸೂರಜ್’ ಚಿತ್ರದಲ್ಲಿ ರಫಿ ಹಾಡಿದ ‘ಬಹಾರೋ ಫೂಲ್ ಬರ್ಸಾವೋ’ ನೆನಪು ಮಾಡಿಕೊಳ್ಳಿ. ಹುಬ್ಬಳ್ಳಿಯ ಎಷ್ಟು ಮದುವೆ ಮೆರವಣಿಗೆಯಲ್ಲಿ ಬ್ಯಾಂಡಿನವರು ಊದಿದ್ದನ್ನು ಕೇಳಿದ್ದೀರಿ! ಅದೂ ಶಿವರಂಜನಿಯೇ. ಎರಡಕ್ಕೂ ಸಂಗೀತ ಶಂಕರ್-ಜೈಕಿಶನ್ ಅವರದು. ಎರಡನ್ನೂ ಬರೆದವರು ಹಸರತ್ ಜೈಪುರಿ. ಒಂದಕ್ಕೆ ಗಂಟಲು ಕಟ್ಟುತ್ತದೆ, ಇನ್ನೊಂದಕ್ಕೆ ಬೀಗರ ಮುಂದೆ ಕುಣಿಯುತ್ತೇವೆ. ರಾಗವೇ ಅಳಿಸುವುದಾಗಿದ್ದರೆ ಇದು ಹೇಗೆ ಸಾಧ್ಯ?

ಹಾರ್ಮೋನಿಯಂನ ಬಿಳಿ ಒಂದರಲ್ಲಿ, ಅಂದರೆ ಸಪ್ತಕದ ಮೊದಲ ಬಿಳಿ ಮನೆಯಲ್ಲಿ (ಕೀಲಿಯಲ್ಲಿ), ಸಾ ಹಿಡಿದು ನೋಡಿ. ಸಾ ರಿ ಗ ಪ ದ, ಐದೇ ಸ್ವರ. ಗಾಂಧಾರ, ಅಂದರೆ ಗ, ಬಿಳಿ ಮನೆಯಲ್ಲಿದ್ದರೆ ಭೂಪ ರಾಗ. ಆ ಒಂದು ಬೆರಳು ಹಿಂದಿನ ಕರಿ ಮನೆಗೆ ಸರಿದರೆ ಶಿವರಂಜನಿ. ಹೀಗೆ ತಗ್ಗಿದ ಆ ಕೋಮಲ ಗಾಂಧಾರಕ್ಕೆ ಒಂದು ಎಳೆತ ಇದೆ, ಇಲ್ಲ ಅನ್ನುವುದಿಲ್ಲ. ಆದರೆ ಅಲ್ಲಿ ಎಷ್ಟು ಹೊತ್ತು ನಿಲ್ಲುತ್ತೀರಿ, ಯಾವ ಲಯದಲ್ಲಿ ದಾಟುತ್ತೀರಿ ಅನ್ನುವುದು ಮುಖ್ಯ. ಒಮ್ಮೆ ಕ್ಲಾಸಿನಲ್ಲಿ ಒಬ್ಬ ಹುಡುಗನಿಗೆ ‘ಬಹಾರೋ’ ಹಾಡನ್ನು ತಬಲಾ ಇಲ್ಲದೆ, ಅರ್ಧ ಲಯದಲ್ಲಿ ನುಡಿಸು ಅಂದೆ. ಬಾಗಿಲ ಹತ್ತಿರ ಕೂತಿದ್ದ ಅವನ ತಾಯಿ, “ಇದ್ಯಾವ ಹಾಡ್ರೀ, ಹೊಟ್ಟ್ಯಾಗ ಸಂಕಟ ಆಗತೈತಿ” ಅಂದರು. ಅವರ ಮದುವೆಯಲ್ಲೇ ಊದಿಸಿದ ಹಾಡು!

ಉಳಿದ ಕೆಲಸ ಮಾತಿನದು. ಮುಕೇಶರ ಹಾಡು ಕೇಳುವುದು ಆ ದಿನಗಳು ಎಲ್ಲಿ ಹೋದವು ಅಂತ. ಪ್ರೀತಿ ಕಳೆದುಕೊಳ್ಳದವರೂ ದಿನಗಳನ್ನು ಕಳೆದುಕೊಂಡಿರುತ್ತಾರೆ. ಅದಕ್ಕೇ ಎಲ್ಲರಿಗೂ ತಾಗುತ್ತದೆ.

ಹಿಂದಿ ಬಾರದವರಿಗೂ ತಾಗುತ್ತದಲ್ಲ ಅಂತ ಯಾರೂ ಕೇಳಲಿಲ್ಲ, ಆದರೂ ಹೇಳುತ್ತೇನೆ. ಇಂಥ ಹಾಡುಗಳಲ್ಲಿ ‘ಯಾದ್’, ‘ವಾದಾ’ ಜಾಸ್ತಿ. ಎರಡೂ ನಮ್ಮ ಕಡೆ ಯಾವಾಗಲೋ ಬಂದು ನೆಲೆಸಿವೆ. ಪ್ರೇಮಿ ಕೊಟ್ಟು ಮುರಿಯುವ ‘ವಾದಾ’, ಸಾಲಕ್ಕೂ ಕೋರ್ಟಿಗೂ ಇರುವ ನಮ್ಮ ‘ವಾಯಿದೆ’, ಎರಡರ ಮೂಲವೂ ಒಂದೇ ಅರಬ್ಬೀ ಶಬ್ದ. ಫಾರಸಿಯ ‘ಯಾದ್’ ಅಂದರೆ ನೆನಪು. ಮರೆಯದಿರಲಿ ಅಂತ ಬರೆದುಕೊಂಡು ಕಿರಾಣಿ ಅಂಗಡಿಗೆ ಒಯ್ಯುತ್ತೇವಲ್ಲ, ಆ ‘ಯಾದಿ’ ಬಂದದ್ದು ಅದರಿಂದಲೇ. ಮದುವೆ ಗಟ್ಟಿಯಾದಾಗ ಹಿರಿಯರು ಜಮಖಾನದ ಮೇಲೆ ಕೂತು ಕೊಡೋದು ತಗೊಳ್ಳೋದು ಬರೆಯುವ ಯಾದಿಯೂ ಅದೇ.