ಗದ್ದೆಯಿಂದ ತೋಟಕ್ಕೆ: ಕೊಡಗು ಬದಲಾದ ಬಗೆ

ಕೊಡಗಿನ ಸುಗ್ಗಿಹಬ್ಬ ಪುತ್ತರಿಯ ರಾತ್ರಿ ಒಕ್ಕದವರೆಲ್ಲ, ಅಂದರೆ ಒಂದೇ ಮನೆತನದವರೆಲ್ಲ, ಹಿರಿಯರ ಮೂಲಮನೆಯಾದ ಐನ್‌ಮನೆಯಿಂದ ಗದ್ದೆಗೆ ಇಳಿಯುತ್ತಾರೆ. ಕೋವಿಯ ಗುಂಡು ಹಾರುತ್ತದೆ, ಮೊದಲ ಕದಿರು ಕೊಯ್ದು ‘ಪೊಲಿ ಪೊಲಿ ದೇವಾ’ ಎಂದು ಕೂಗುತ್ತಾ ಮನೆ ತುಂಬಿಸಿಕೊಳ್ಳುತ್ತಾರೆ. ಈಗ ಕದಿರಿಗಾಗಿ ಪಕ್ಕದವರ ಗದ್ದೆಗೆ ಹೋಗುವ ಮನೆಗಳೂ ಇವೆ. ಅವರ ಗದ್ದೆ ಪಾಳುಬಿದ್ದಿದೆ, ಇಲ್ಲವೇ ಅಲ್ಲಿ ಅಡಿಕೆ ಎದ್ದಿದೆ.

ಹಾಲೇರಿ ಅರಸರ ಕಾಲದಲ್ಲಿ ಕೊಡಗು ತನ್ನದೇ ರಾಜ್ಯ. ಜಮ್ಮಾ ಎಂಬ ವಂಶಪಾರಂಪರ್ಯದ ಭೂಮಿಯ ಹಿಡುವಳಿದಾರರಿಗೆ ಕಂದಾಯ ಅರ್ಧದಷ್ಟು. ಬದಲಿಗೆ ಕರೆ ಬಂದಾಗ ಆಯುಧ ಹಿಡಿದು ಹೊರಡಬೇಕಿತ್ತು. ಕೊಡವರ ಜೊತೆಗೆ ಗೌಡರೂ ಇತರ ಕೆಲವು ಸಮುದಾಯದವರೂ ಜಮ್ಮಾ ಭೂಮಿ ಹೊಂದಿದ್ದರು. ಗದ್ದೆಗೆ ಅಂಟಿಕೊಂಡೇ ಬಾಣೆ ಎಂಬ ಮರಗಾಡಿನ ನೆಲ: ಸೌದೆ, ಸೊಪ್ಪು, ದನಗಳ ಮೇವಿಗೆ. ಊರೂರಿಗೂ ಕೊಡಲಿ ಬೀಳದ ದೇವರಕಾಡು. ಆ ಗದ್ದೆಗಳಲ್ಲಿ ದುಡಿದ ಎರವ ಬುಡಕಟ್ಟಿನವರಿಗೆ ಮಾತ್ರ ತುಂಡು ನೆಲವಿರಲಿಲ್ಲ. ಭೂಮಿಯೊಂದಿಗೆ ಅವರನ್ನೂ ಮಾರಿದ ಕಾಲವಿತ್ತು. ‘ಕೊಡಗಿನವರು’ ಎನ್ನುವಾಗ ಇದನ್ನು ಬಿಟ್ಟು ಮಾತಾಡಲು ನನಗೆ ಮನಸ್ಸು ಬರುವುದಿಲ್ಲ.

1834ರಲ್ಲಿ ಬ್ರಿಟಿಷರು ಕೊನೆಯ ಹಾಲೇರಿ ಅರಸ ಚಿಕ್ಕವೀರರಾಜೇಂದ್ರನನ್ನು ಪಟ್ಟದಿಂದ ಇಳಿಸಿದರು. ತಮ್ಮ ವಿರುದ್ಧ ಎದ್ದ 1837ರ ಬಂಡಾಯವನ್ನು ಅಡಗಿಸಿ ಅದರ ಮುಂದಾಳುಗಳಲ್ಲೊಬ್ಬರಾದ ಗುಡ್ಡೆಮನೆ ಅಪ್ಪಯ್ಯ ಗೌಡರನ್ನು ಮಡಿಕೇರಿಯಲ್ಲಿ ಗಲ್ಲಿಗೇರಿಸಿದರು. 1854ರಲ್ಲಿ ಅದೇ ಮಡಿಕೇರಿಯ ಬಳಿ ಮೊದಲ ಯುರೋಪಿಯನ್ ಕಾಫಿ ತೋಟ ಬಂತು. ಅರಸು ಹೋದದ್ದಕ್ಕಿಂತ ಕಾಫಿ ಬಂದದ್ದೇ ಈ ನೆಲದ ಮುಖವನ್ನು ಹೆಚ್ಚು ಬದಲಿಸಿತು ಎಂಬುದು ನನ್ನ ಎಣಿಕೆ. ಬಾಣೆಯ ಮರಗಳ ನೆರಳಿಗೆ ಗಿಡ ನೆಟ್ಟರು. ಎಷ್ಟೋ ಕಡೆ ಕಾಡುಮರ ಉರುಳಿ ಸಿಲ್ವರ್ ಓಕ್ ನಿಂತಿತು, ಅದಕ್ಕೆ ಕರಿಮೆಣಸಿನ ಬಳ್ಳಿ ಹಬ್ಬಿತು. ಹೊರಗಿನಿಂದ ಕೂಲಿಗೆ ಬಂದವರು ಲೈನ್‌ಮನೆಗಳಲ್ಲಿ, ಅಂದರೆ ತೋಟದ ಕೂಲಿಯವರ ಸಾಲುಮನೆಗಳಲ್ಲಿ, ನೆಲೆಯಾದರು. ಇಂದು ಅಸ್ಸಾಮಿನಿಂದ ಬಂದವರೂ ಕಾಫಿ ಹಣ್ಣು ಕೊಯ್ಯುತ್ತಿದ್ದಾರೆ.

ಸ್ವಾತಂತ್ರ್ಯದ ನಂತರ ಕೊಡಗು ‘ಸಿ’ ದರ್ಜೆಯ, ಅಂದರೆ ಕೇಂದ್ರದ ಹಿಡಿತ ಹೆಚ್ಚಿದ್ದ ಸಣ್ಣ ರಾಜ್ಯವಾಯಿತು. 1952ರಲ್ಲಿ ಸಿ.ಎಂ. ಪೂಣಚ್ಚ ಮುಖ್ಯಮಂತ್ರಿಯಾದರು. 1956ರ ನವೆಂಬರ್ 1ರಂದು ಮೈಸೂರಿನೊಂದಿಗೆ ವಿಲೀನವಾಗಿ, ರಾಜ್ಯವಾಗಿದ್ದದ್ದು ಜಿಲ್ಲೆಯಾಯಿತು. ಪ್ರತ್ಯೇಕ ಕೊಡಗು ಬೇಕೆಂಬ ಕೂಗಿನ ಬೇರು ಇಲ್ಲಿದೆ.

ನನ್ನ ಚಿಂತೆ ಗದ್ದೆಯದು. ಭತ್ತಕ್ಕೆ ಕೂಲಿಯಾಳು ಸಿಗುವುದಿಲ್ಲ, ತೆನೆ ತುಂಬುವ ಹೊತ್ತಿಗೆ ಆನೆ ಇಳಿಯುತ್ತದೆ, ಮಾಡಿದ ಖರ್ಚೂ ಹುಟ್ಟುವುದಿಲ್ಲ. ಹೀಗಾಗಿ ಪಾಳು ಬಿಟ್ಟವರನ್ನು ದೂರಲಾರೆ. ಆದರೆ ಬದು ಕಟ್ಟಿದ ಗದ್ದೆ ಮಳೆಗಾಲವಿಡೀ ನೀರು ತಡೆದು ನೆಲಕ್ಕೆ ಇಂಗಿಸುತ್ತದೆ. ಆ ನೀರು ಕೆಳಗೆ ಕಾವೇರಿಯನ್ನು ನಂಬಿದವರಿಗೂ ಸೇರಿದ್ದು. 2018ರ ಆಗಸ್ಟ್‌ನಲ್ಲಿ ಗುಡ್ಡಗಳು ಜರಿದು ಮನೆ, ತೋಟ, ಗದ್ದೆ ಕೆಸರಿನಡಿ ಹೋದವು. ಉಳಿದ ಗದ್ದೆಯನ್ನಾದರೂ ಕಾಯಬೇಕು. ಗದ್ದೆ ಉಳಿಸಿಕೊಂಡ ರೈತನಿಗೆ ಪ್ರತಿ ವರ್ಷ ಎಕರೆಗೆ ಇಷ್ಟೆಂದು ನೆರವು ಕೊಡಬೇಕು. ಅದನ್ನು ಭತ್ತದ ಬೆಲೆಗೆ ಕಟ್ಟಬಾರದು, ಅವನು ಹಿಡಿದಿಟ್ಟ ನೀರಿನ ಲೆಕ್ಕದಲ್ಲಿ ಕೊಡಬೇಕು.